ಅರ್ಧ ಇಳಿಸಿದ ಶಟರ್

ಬಸವಕಲ್ಯಾಣದ ಹಳೆಯ ಬಜಾರವನ್ನು ಹೊಗಳುವವರಿಗೆ ಬರವಿಲ್ಲ. ಕೋಟೆಯ ಕಡೆಯಿಂದ ಚೌಕದವರೆಗೆ ಹೋಗುವ ಆ ಇಕ್ಕಟ್ಟಾದ ಬೀದಿಯಲ್ಲಿ ಎಲ್ಲರೂ ಅಣ್ಣತಮ್ಮಂದಿರಂತೆ ಬದುಕಿದರು ಎಂದು ಭಾಷಣ ಮಾಡುವವರನ್ನು ನಾನು ಬೇಕಾದಷ್ಟು ಕೇಳಿದ್ದೇನೆ. ನನಗೆ ನೆನಪಿರುವುದು ಬೇರೆ. ಅಲ್ಲಿ ಎರಡು ಬಂಡಿ ಎದುರುಬದುರಾದರೆ ಒಂದು ಹಿಂದೆ ಸರಿಯಲೇಬೇಕಿತ್ತು. ಯಾವುದು ಸರಿಯಬೇಕು ಎಂಬುದು ಬಂಡಿ ನೋಡಿ ತೀರ್ಮಾನವಾಗುತ್ತಿರಲಿಲ್ಲ, ಬಂಡಿಯ ಮೇಲೆ ಕೂತವರ ಮುಖ ನೋಡಿ ಆಗುತ್ತಿತ್ತು.

ಆದರೂ ಬಜಾರಕ್ಕೆ ಒಂದು ಠೀವಿ ಇತ್ತು, ಸುಳ್ಳು ಯಾಕೆ ಹೇಳಲಿ. ನಿಜಾಮರ ಕಾಲದ ಕಲ್ಲಿನ ಚೌಕಟ್ಟುಗಳು, ಅವುಗಳ ಮೇಲೆ ಮಾಸಿದ ಉರ್ದು ಅಕ್ಷರ, ಅದರ ಮೇಲೆ ಬಣ್ಣದಲ್ಲಿ ಬರೆದ ಕನ್ನಡ. ಗಡಿಯ ಆಚೆಯಿಂದ ಮದುವೆ ಜವಳಿಗೆ ಬರುವ ಮರಾಠಿ ಮಂದಿ. ದಖ್ಖನಿಯಲ್ಲಿ ಶುರುವಾದ ಚೌಕಾಸಿ ಮರಾಠಿಯಲ್ಲಿ ಜಗಳವಾಗಿ ಕನ್ನಡದಲ್ಲಿ ರಾಜಿಯಾಗುತ್ತಿತ್ತು. ಪ್ರತಿ ಅಂಗಡಿಯ ಮುಂದೆ ಒಂದು ಕಲ್ಲಿನ ಕಟ್ಟೆ. ಒಳಗೆ ಗಾದಿಯ ಮೇಲೆ ಸಾವಕಾರ, ಹೊರಗೆ ಕಟ್ಟೆಯ ಮೇಲೆ ಅವನನ್ನು ನಂಬಿಕೊಂಡು ಬದುಕುವ ಇನ್ನೊಬ್ಬ. ಹೀಗೆ ಒಂದು ಅರಿವೆ ಅಂಗಡಿಯ ಕಟ್ಟೆಯ ಮೇಲೆ ಹೊಲಿಗೆ ಮಷೀನು ಹಾಕಿಕೊಂಡು ಜೀವನ ಕಳೆದವನು ನನ್ನ ಅಪ್ಪ.

ಅಪ್ಪ ರಾಜೇಶ್ವರದ ಕಡೆಯವನು, ಕೂಲಿಯವರ ಮಗ. ಹೊಲಿಗೆ ಕಲಿತು ಊರು ಬಿಟ್ಟು ಬಂದ. ನಮ್ಮದು ಬುದ್ಧನನ್ನು ನಂಬಿದ ಮನೆ. ಬಜಾರದ ಬಾಯಲ್ಲಿ ಮಾತ್ರ ನಮ್ಮ ಹಳೆಯ ಜಾತಿಯ ಹೆಸರೇ ಖಾಯಂ. ಹಳ್ಳಿಯವರು ಒಳಗೆ ಅರಿವೆ ಕೊಂಡು ಹೊರಗೆ ಬಂದರೆ ಅಪ್ಪ ಅಲ್ಲೇ ಅಳತೆ ತೆಗೆದು, ಅವರು ಸಂತೆ ಮುಗಿಸಿ ಬಸ್ ಹಿಡಿಯುವುದರೊಳಗೆ ಅಂಗಿ ಹೊಲಿದು ಕೊಡುತ್ತಿದ್ದ. ಸಾವಕಾರರು ಅವನನ್ನು ಬಹುವಚನದಲ್ಲಿ 'ಮಾಸ್ತರ' ಎಂದೇ ಕರೆಯುತ್ತಿದ್ದರು. ಮಳೆ ಬಂದಾಗ, "ಮಾಸ್ತರ, ಮಷೀನ್ ತೊಯ್ಯಾಕತ್ತದ, ಒಳಗ ಸರಸ್ರಿ" ಎನ್ನುತ್ತಿದ್ದರು. ಮಷೀನು ಒಳಗೆ ಹೋಗುತ್ತಿತ್ತು. ಅಪ್ಪ ಹೊರಗೆ ಸೂರಿನ ಕೆಳಗೆ ಗೋಡೆಗೆ ಆತು ನಿಲ್ಲುತ್ತಿದ್ದ. ಅವನಿಗೆ ಬರಬೇಡ ಎಂದು ಯಾರೂ ಹೇಳಿರಲಿಲ್ಲ, ಬಾ ಎಂದೂ ಹೇಳಿರಲಿಲ್ಲ. ಮಷೀನಿಗೆ ಜಾತಿ ಇರಲಿಲ್ಲ, ಅಷ್ಟೇ.

ಇಷ್ಟಾದರೂ ಅಪ್ಪನಿಗೆ ಬಜಾರವೆಂದರೆ ಪ್ರಾಣ. ಯಾರಾದರೂ ಊರು ಕೇಳಿದರೆ ಬಸವಕಲ್ಯಾಣ ಅನ್ನುತ್ತಿರಲಿಲ್ಲ, "ನಾ ಬಜಾರದಾಗಿನ ಮನಷ್ಯಾ ಇದ್ದೀನ್ರಿ" ಅನ್ನುತ್ತಿದ್ದ. ಅವ್ವನಿಗೆ ಅದು ಕೇಳಿದಾಗಲೆಲ್ಲ ಮೈ ಉರಿಯುತ್ತಿತ್ತು.

"ನೀವು ಬಜಾರದಾಗ ಎಲ್ಲಿ ಇದ್ದೀರಿ? ಕಟ್ಟಿ ಮ್ಯಾಲ ಇದ್ದೀರಿ. ಮಂದಿ ಚಪ್ಪಲ್ ಬಿಡೋ ಜಾಗಾ ಅದು."

"ನಿನಗ ತಿಳಿಯಂಗಿಲ್ಲ ಬಿಡು" ಎಂದು ಅಪ್ಪ ನಗುತ್ತಿದ್ದ.

ಬಜಾರದಲ್ಲಿ ಒಂದು ಪದ್ಧತಿ ಇತ್ತು. ಬಜಾರದವರು ಯಾರಾದರೂ ತೀರಿಕೊಂಡರೆ, ಹೆಣ ಆ ಬೀದಿಯಲ್ಲೇ ಸಾಗಬೇಕು, ಅದು ದಾಟುವವರೆಗೆ ಪ್ರತಿಯೊಂದು ಅಂಗಡಿಯ ಶಟರ್ ಅರ್ಧ ಇಳಿಯಬೇಕು. ಹಲಗೆ ಬಾಗಿಲುಗಳಿದ್ದ ಕಾಲದಲ್ಲಿ ನಡುವಿನ ಎರಡು ಹಲಗೆ ಹಾಕುತ್ತಿದ್ದರಂತೆ. ಶಟರ್ ಬಂದ ಮೇಲೆ ಅದು ಹೀಗಾಯಿತು. ಅರ್ಧ ಇಳಿಸಿ, ಅಂಗಡಿಯವನು ಕಟ್ಟೆಯಿಂದ ಕೆಳಗಿಳಿದು, ಟೊಪ್ಪಿಗೆ ತೆಗೆದು ಕೈ ಮುಗಿದು ನಿಲ್ಲುವುದು. ತಕ್ಕಡಿಯಲ್ಲಿ ಹಾಕಿದ ಬೇಳೆ ಹಾಗೇ ತೂಗಾಡುತ್ತ ಇರುತ್ತಿತ್ತು. ಸತ್ತವರು ಹಿಂದೂ ಇರಲಿ, ಮುಸಲ್ಮಾನರಿರಲಿ, ಶಟರ್ ಇಳಿಯುತ್ತಿತ್ತು. ಈ ಒಂದು ವಿಷಯದಲ್ಲಿ ಬಜಾರ ಎದೆ ತಟ್ಟಿಕೊಳ್ಳುತ್ತಿತ್ತು, ತಟ್ಟಿಕೊಳ್ಳಲಿ ಎನ್ನುವಂತೆಯೂ ಇತ್ತು. ಆದರೆ ಕಟ್ಟೆಗಳ ಮೇಲೆ ಕೂಡುವವರ ಹೆಣ ಆ ಬೀದಿಗೆ ಬರುತ್ತಲೇ ಇರಲಿಲ್ಲ. ಅವು ಕೋಟೆಯ ಕಂದಕದ ಮಗ್ಗುಲಿನ ಹೊರದಾರಿಯಿಂದ ಹೋಗುತ್ತಿದ್ದವು. ಅದನ್ನು ಯಾರೂ ಕಾನೂನು ಮಾಡಿರಲಿಲ್ಲ. ಕಾನೂನಾಗಿದ್ದರೆ ಮುರಿಯಬಹುದಿತ್ತು.

ಅಪ್ಪನಿಗೆ ಇಳಿಸಲು ಶಟರ್ ಇರಲಿಲ್ಲ. ಹೆಣ ಬಂತೆಂದರೆ ಅವನು ಮಷೀನಿನ ಗಾಲಿಯಿಂದ ಬೆಲ್ಟು ಕಳಚಿ, ಕೆಳಗಿಳಿದು ಸಾವಕಾರರ ಹಿಂದೆ ನಿಲ್ಲುತ್ತಿದ್ದ. ತುಳಿಯುವುದು ನಿಲ್ಲಿಸಿದರೆ ಸಾಲದೇ ಎಂದು ನಾನು ಒಮ್ಮೆ ಕೇಳಿದ್ದೆ. "ಸಾಲಂಗಿಲ್ಲ" ಅಂದ. "ಅವರು ಅಂಗಡಿ ಬಂದ್ ಮಾಡ್ತಾರ, ನಾ ನನ್ನ ಅಂಗಡಿ ಬಂದ್ ಮಾಡಬೇಕಲ್ಲಾ."

ಬಜಾರಕ್ಕೆ ಇನ್ನೊಂದು ಅಭ್ಯಾಸವೂ ಇತ್ತು, ಅದು ಹೆದರಿಕೆಯದು. ರಜಾಕಾರರ ದಿನಗಳನ್ನು ಕಂಡ ಮುದುಕರು ಇನ್ನೂ ಗಾದಿಯ ಮೇಲಿದ್ದರು. ಗೋರ್ಟಾದ ಕಗ್ಗೊಲೆಯ ಸುದ್ದಿ ಬಂದಾಗ ಬಾಗಿಲು ಹಾಕಿಕೊಂಡು ಒಳಗೆ ಉಸಿರು ಹಿಡಿದು ಕೂತ ಮಂದಿ. "ಗದ್ದಲ ಕೇಳಿಸ್ತಂದ್ರ ಮೊದಲ ಬಾಗಲಾ, ಆಮ್ಯಾಲ ಮಾತು" ಎನ್ನುವುದು ಅವರು ಮಕ್ಕಳಿಗೆ ಕಲಿಸಿದ ಪಾಠ. ಹೆದರುವುದಕ್ಕೆ ಅವರಿಗೆ ಕಾರಣವಿತ್ತು, ನಾನು ಅಲ್ಲಗಳೆಯುವುದಿಲ್ಲ. ಆದರೆ ಮಕ್ಕಳಿಗೆ ಕಾರಣ ದಾಟಲಿಲ್ಲ, ಬರೀ ಹೆದರಿಕೆ ದಾಟಿತು. ಯಾರಿಗೆ ಹೆದರಬೇಕು ಎನ್ನುವುದನ್ನು ಅವರು ತಮಗೆ ಬೇಕಾದಂತೆ ತುಂಬಿಕೊಂಡರು.

ತೊಂಬತ್ತರ ದಶಕ ಮುಗಿಯುವ ಹೊತ್ತಿಗೆ ರೆಡಿಮೇಡ್ ಬಂತು. ಶರಣರ ನಾಡು ನೋಡಲು ಯಾತ್ರಿಕರು ಬಸ್ಸುಗಳಲ್ಲಿ ಇಳಿಯತೊಡಗಿದರು. ಗೋಡೆಗಳ ಮೇಲೆ ಸಮಾನತೆಯ ಮಾತುಗಳು ದಪ್ಪ ಅಕ್ಷರದಲ್ಲಿ ಕಾಣಿಸಿಕೊಂಡವು. ಓದಲು ಚೆನ್ನಾಗಿದ್ದವು. ಸಾವಕಾರರ ಮಗ ಗಾದಿ ತೆಗೆಸಿ ಗಾಜಿನ ಕೌಂಟರ್ ಹಾಕಿಸಿದ, ಕಟ್ಟೆ ಒಡೆಸಿ ಮೆಟ್ಟಿಲು ಮಾಡಿಸಿದ. ಅಪ್ಪ ಮಷೀನನ್ನು ಪಕ್ಕದ ಸಂದಿಗೆ ಒಯ್ದ. ಗಿರಾಕಿಗಳು ಹಳೆಯ ಪ್ಯಾಂಟಿನ ಜಿಪ್ಪು ಬದಲಿಸಲು ಮಾತ್ರ ಬರುತ್ತಿದ್ದರು. ಆಗಲೂ ಹೆಣ ಹೋಗುವಾಗ ಬೆಲ್ಟು ಕಳಚಿ, ಸಂದಿಯ ಬಾಯಿಗೆ ಬಂದು ಕೈ ಮುಗಿದು ನಿಲ್ಲುತ್ತಿದ್ದ. ಅವನನ್ನು ಹಾಗೆ ನೋಡಿದಾಗ ನನಗೆ ಸಿಟ್ಟು ಬರುತ್ತಿತ್ತು. ಅವನ ಮೇಲೋ ಬಜಾರದ ಮೇಲೋ, ಆಗ ತಿಳಿಯುತ್ತಿರಲಿಲ್ಲ.

ನಾನು ಹುಮನಾಬಾದಿನಲ್ಲಿ ಶಾಲೆಯ ಮಾಸ್ತರನಾಗಿ ಅಲ್ಲೇ ಇದ್ದೆ. ಅಪ್ಪನಿಗೆ ದಮ್ಮು ಜಾಸ್ತಿಯಾಗಿ ಹಾಸಿಗೆ ಹಿಡಿದ ಮೇಲೆ ಶನಿವಾರ ಶನಿವಾರ ಬರುತ್ತಿದ್ದೆ. ಒಂದು ಸಲ ನನ್ನ ಕೈ ಹಿಡಿದುಕೊಂಡು ಅಂದ:

"ನನ್ನ ಹೊರಗಿನ ದಾರೀಲೆ ಒಯ್ಯಬ್ಯಾಡ. ಬಜಾರದಾಗಿಂದ ಒಯ್ಯಿ."

"ಹಂಗ್ಯಾಕ ಮಾತಾಡ್ತಿ?"

"ಅರ್ಧ ಶಟರ್ ಇಳಸ್ತಾರ ನೋಡು. ಎಷ್ಟ ಮಂದಿಗಿ ನಾ ನಿಂತೀನಿ. ನನಗ ನಿಲ್ಲಂಗಿಲ್ಲೇನು?"

ಅವ್ವ ಒಲೆಯ ಮುಂದಿದ್ದವಳು ಮುಖ ತಿರುಗಿಸಿದಳು.

ಅಪ್ಪ ಒಂದು ಬೆಳಿಗ್ಗೆ ಹೋದ. ಮಣ್ಣಿಗೆ ರಾಜೇಶ್ವರದಿಂದ, ಚಿಟಗುಪ್ಪದಿಂದ ಬೀಗರು ಬಂದರು. ಹುಮನಾಬಾದಿನಿಂದ ನನ್ನ ಗೆಳೆಯರು ಜೀಪು ಮಾಡಿಕೊಂಡು ಬಂದರು. ಎಲ್ಲರದೂ ಬಿಳಿ ಅಂಗಿ, ಕೆಲವರ ಹೆಗಲ ಮೇಲೆ ನೀಲಿ ವಸ್ತ್ರ. ನಮ್ಮ ಓಣಿಯ ಹಿರಿಯರೊಬ್ಬರು, "ಹೊರಗಿನ ದಾರೀಲೆ ಹೋಗಮು, ಸಮೀಪ ಆಗ್ತದ" ಎಂದರು. "ಇಲ್ರಿ, ಬಜಾರದಾಗಿಂದ. ಅಪ್ಪ ಹೇಳ್ಯಾನ" ಎಂದೆ. ಅವರು ನನ್ನನ್ನು ಒಂದು ಗಳಿಗೆ ನೋಡಿದರು. ಆಮೇಲೆ ತಾವೇ ಮುಂದೆ ನಡೆದರು.

ನಾವು ಪ್ರಾರ್ಥನೆ ಹೇಳುತ್ತ ಬಜಾರದ ಬಾಯಿಗೆ ತಿರುಗಿದೆವು. ಒಬ್ಬರು ಹೇಳಿಕೊಟ್ಟಂತೆ ಎಲ್ಲರೂ ಗಟ್ಟಿಯಾಗಿ ಹೇಳುತ್ತಿದ್ದೆವು. ಮೊದಲನೆಯ ಅಂಗಡಿ ಪಾತ್ರೆಯವರದು. ಅವರ ಕೈ ಶಟರಿಗೆ ಹೋಯಿತು. ಶಟರ್ ಗಡಗಡ ಎಂದು ಇಳಿಯತೊಡಗಿದಾಗ ನನ್ನ ಎದೆ ತುಂಬಿ ಬಂತು. ಅಪ್ಪ ಗೆದ್ದ ಅನ್ನಿಸಿತು.

ಶಟರ್ ಅರ್ಧಕ್ಕೆ ನಿಲ್ಲಲಿಲ್ಲ. ನೆಲಕ್ಕೆ ಬಡಿಯಿತು. ಒಳಗಿನಿಂದ ಕೊಂಡಿ ಹಾಕಿದ ಸಪ್ಪಳವೂ ಕೇಳಿಸಿತು. ಆಮೇಲೆ ಪಕ್ಕದ್ದು, ಎದುರಿನದು, ಅದರ ಮುಂದಿನದು. ನಾವು ಹೆಜ್ಜೆ ಇಡುವ ಮೊದಲೇ ಸಪ್ಪಳ ನಮ್ಮ ಮುಂದೆ ಓಡುತ್ತಿತ್ತು. ಹೊರಗೆ ನಿಂತ ಗಿರಾಕಿಗಳನ್ನು ರಟ್ಟೆ ಹಿಡಿದು ಒಳಗೆ ಎಳೆದುಕೊಂಡರು. ಒಬ್ಬ ಹೆಂಗಸು ಮಗುವನ್ನು ಅವುಚಿಕೊಂಡು ಸಂದಿಗೆ ಓಡಿದಳು. ಟೊಪ್ಪಿಗೆ ತೆಗೆದವರು ಯಾರೂ ಇಲ್ಲ, ಕೈ ಮುಗಿದವರು ಯಾರೂ ಇಲ್ಲ. ಆ ಬೀದಿಯಲ್ಲಿ ನಾವು ಮತ್ತು ಅಪ್ಪ, ಅಷ್ಟೇ ಉಳಿದೆವು.

ಅರಿವೆ ಅಂಗಡಿಯ ಮಾಳಿಗೆಯ ಕಿಟಕಿ ಸ್ವಲ್ಪ ತೆರೆಯಿತು. ಸಾವಕಾರರ ಮಗ. ನಮ್ಮ ಜೊತೆಗಿದ್ದ ಹಿರಿಯರ ಗುರುತು ಹಿಡಿದು ಕೇಳಿದ:

"ಕಾಕಾ, ಏನದು? ಯಾರಿಗಿ ಏನಾಗ್ಯಾದ?"

"ಮಾಸ್ತರ ಹೋದನೋ ತಮ್ಮಾ. ನಿಮ್ಮ ಕಟ್ಟಿ ಮ್ಯಾಲಿನ ಮಾಸ್ತರ."

"ಹೌದೇನು! ನಾವು ಮೋರ್ಚಾ ಅನ್ಕೊಂಡೀವಿ. ಬಂದ್ ಅದ ಅಂತ ಸುದ್ದಿ ಇತ್ತು..."

ಅವನು ಇನ್ನೂ ಏನೋ ಹೇಳುವವನಿದ್ದ. ನನ್ನ ಮುಖ ಕಂಡು ಕಿಟಕಿ ಎಳೆದುಕೊಂಡ. ತಪ್ಪಾಯಿತೆಂದು ತಿಳಿದ ಮೇಲಾದರೂ ಕೆಳಗೆ ಬಂದು ಶಟರನ್ನು ಅರ್ಧಕ್ಕೆ ಎತ್ತಬಹುದಿತ್ತು. ಎತ್ತಲಿಲ್ಲ. ಹೆಗಲು ಬದಲಿಸುವ ನೆಪದಲ್ಲಿ ನಾವು ಅಲ್ಲಿ ಸ್ವಲ್ಪ ಹೊತ್ತು ನಿಂತೆವು ಕೂಡ. ಅವನ ಮದುವೆಯ ಸೂಟಿನ ತೋಳು ಗಿಡ್ಡ ಮಾಡಿ ಕೊಟ್ಟವನು ನನ್ನ ಹೆಗಲ ಮೇಲಿದ್ದ. ಇಷ್ಟು ವರ್ಷ ಎದುರಿಗೆ ಕೂತ ಮನುಷ್ಯನ ಹೆಣ ಬಂದರೆ ಗಲಾಟೆ ಬಂತೆಂದು ಕೊಂಡಿ ಹಾಕಿಕೊಂಡ ಮಂದಿ ಇವರು. ನಮ್ಮವರು ನಾಲ್ಕು ಜನ ಕೂಡಿ ದನಿ ಎತ್ತಿದರೆ ಅದು ಅಳುವೂ ಆಗಿರಬಹುದು ಎಂದು ಅವರಿಗೆ ಹೊಳೆಯಲೇ ಇಲ್ಲ. ಇದನ್ನು ನಾನು ಕ್ಷಮಿಸಿಲ್ಲ. ಕ್ಷಮಿಸುವ ಇರಾದೆಯೂ ಇಲ್ಲ.

ಸಂಜೆ ಮನೆಗೆ ಬಂದಾಗ ಅವ್ವ ಬಾಗಿಲಲ್ಲೇ ಕೂತಿದ್ದಳು. ಹೆಂಗಸರು ಮಣ್ಣಿಗೆ ಬಂದಿರಲಿಲ್ಲ. ನೀರು ಕೊಟ್ಟು ಮೊದಲು ಕೇಳಿದ್ದೇ ಅದನ್ನು.

"ಬಜಾರದಾಗ ಶಟರ್ ಇಳಿಸಿದ್ರೇನು?"

"ಇಳಿಸಿದ್ರು" ಅಂದೆ. "ಅರ್ಧ ಅಲ್ಲ, ಪೂರಾ ಇಳಿಸಿದ್ರು."

ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ಅತ್ತಳು. ಬೆಳಿಗ್ಗೆಯಿಂದ ಅಳದವಳು ಆಗ ಅತ್ತಳು.

ಮೂರನೆಯ ದಿನ ಹಿರಿಯ ಸಾವಕಾರರು ಕೋಲೂರಿಕೊಂಡು ನಮ್ಮ ಓಣಿಗೆ ಬಂದರು. ನಮ್ಮ ಮನೆಯ ಹೊಸ್ತಿಲಿಗೆ ಅವರು ಬಂದದ್ದು ಅದೇ ಮೊದಲು. ಅಂಗಳದಲ್ಲಿ ಕುರ್ಚಿ ಹಾಕಿದೆ. ಅವರ ಕಣ್ಣು ಒದ್ದೆಯಾಗಿತ್ತು, ಅದು ನಾಟಕವಲ್ಲ. ಏನೋ ಹೇಳಲು ಬಂದಿದ್ದರು, ಬಾಯಿ ತೆರೆದು ಮುಚ್ಚುತ್ತಿದ್ದರು. ಅಷ್ಟರಲ್ಲಿ ಅವ್ವ ಬಂದು ನೆಲಕ್ಕೆ ಹಣೆ ಮುಟ್ಟಿಸಿದಳು.

"ಸಾವ್ಕಾರ್ರ, ಯಾರಿಗಿ ಮಾಡಲಾರದ್ದು ನಮ್ಮವರಿಗಿ ಮಾಡಿದ್ರಿ. ಇಡೀ ಬಜಾರ ಪೂರಾ ಬಂದ್ ಇಟ್ರಿ. ಸಾಯೋತನಾ ನಿಮ್ಮ ಉಪಕಾರ ಮರಿಯಂಗಿಲ್ರಿ."

ಸಾವಕಾರರು ನನ್ನ ಕಡೆ ನೋಡಿದರು. ಮಗ ಅವರಿಗೆ ಎಲ್ಲ ಹೇಳಿದ್ದಾನೆ ಎಂದು ಆ ನೋಟದಲ್ಲೇ ತಿಳಿಯಿತು. ನಾನು ಕಣ್ಣು ಕೀಳಲಿಲ್ಲ. ಅವರು ಕೋಲನ್ನು ಎರಡೂ ಕೈಯಿಂದ ಹಿಡಿದುಕೊಂಡು ಅವ್ವನಿಗೆ ಹೇಳಿದರು:

"ಏಳು ತಂಗಿ, ಏಳು. ಇಷ್ಟಾರ ಮಾಡಬೇಕಲ್ಲವಾ. ಮಾಸ್ತರ ನಮ್ಮವರೇ ಇದ್ರು."

ಮಾಡದ ಉಪಕಾರವನ್ನು ಹೀಗೆ ತಮ್ಮದೆಂದು ಒಪ್ಪಿಕೊಂಡು ಅವರು ಎದ್ದು ಹೋದರು. ಓಣಿಯ ತಿರುವಿನವರೆಗೆ ಅವರನ್ನು ನೋಡುತ್ತ ನಿಂತ ಅವ್ವ ಒಳಗೆ ಬಂದು ನನ್ನ ಬೆನ್ನ ಮೇಲೆ ಕೈ ಇಟ್ಟಳು.

"ನೋಡು ಯಪ್ಪಾ, ನಿಮ್ಮಪ್ಪ ಏನಾರ ಗಳಸ್ಯಾನಂದ್ರ ಇದು. ಇನ್ನ ನೀ ಬಜಾರದಾಗ ತಲಿ ಎತ್ತಿ ಅಡ್ಡಾಡು."

ನಾನು ತಲೆ ತಗ್ಗಿಸಿಕೊಂಡೇ, ಹೂಂ ಅಂದೆ.