ಜೆರೋಮನ ಪಾಲಿನ ತೆನೆ

ಕುಂಜತ್ತೂರಿನ ಆನಿ ಬಾಯಿ ತೆನೆಹಬ್ಬದ ದಿನ ಇಗರ್ಜಿಯಲ್ಲಿ ಪಾದ್ರಿಗಳು ಹರಸಿ ಕೊಟ್ಟ ಹೊಸ ತೆನೆ ತರುವಾಗ ಎಂದೂ ಲೆಕ್ಕ ತಪ್ಪಿದವರಲ್ಲ. ಮನೆಯಲ್ಲಿ ಎಷ್ಟು ಜನವೋ ಅಷ್ಟು ತೆನೆ. ಭತ್ತ ಸುಲಿದು ಹುಡಿ ಮಾಡಿ, ಪಾಯಸಕ್ಕೆ ಬೆರೆಸಿ, ಊಟಕ್ಕೆ ಮೊದಲು ಹಿರಿಯರೇ ಎಲ್ಲರಿಗೂ ಕೊಡಬೇಕು. ದೂರ ಇರುವವರ ಪಾಲನ್ನು ಕಾಗದದಲ್ಲಿ ಕಟ್ಟಿ ಕಳುಹಿಸಬೇಕು; ಅದನ್ನು ಬೇರೆಯವರು ಉಣ್ಣುವ ಹಾಗಿಲ್ಲ. ಸತ್ತವರಿಗೆ ತೆನೆಯಿಲ್ಲ. ಗಂಡ ಸಾಲ್ವದೊರ್ ತೀರಿಕೊಂಡ ವರ್ಷ ಮಾತ್ರ ಅಭ್ಯಾಸಬಲದಿಂದ ಒಂದು ಹೆಚ್ಚು ತಂದಿದ್ದರು. ಉಳಿದುಹೋದ ಆ ತೆನೆಯನ್ನು ಹಿಡಿದು ನಿಂತಾಗಲೇ ತಾನು ವಿಧವೆಯೆಂಬುದು ಅವರಿಗೆ ಪೂರ್ತಿ ಅರ್ಥವಾದದ್ದು.

ಮಗ ಜೆರೋಮ್ ಕುವೈತಿಗೆ ಹೋಗಿ ಒಂಬತ್ತು ವರ್ಷ. ಅದೇ ಕಂಪೆನಿಯಲ್ಲಿದ್ದ ಶಿರಿಯದ ಪುರಂದರ ರಜೆಗೆ ಬಂದ ವರ್ಷಗಳಲ್ಲಿ ಪೊಟ್ಟಣವನ್ನು ಎರಡೂ ಕೈ ಚಾಚಿ ಪಡೆದು, ಕಣ್ಣಿಗೊತ್ತಿ ಜೇಬಿನಲ್ಲಿಡುತ್ತಿದ್ದ.

ಸಾವಿರದ ಒಂಬೈನೂರ ತೊಂಬತ್ತರ ಆಗಸ್ಟಿನಲ್ಲಿ ಇರಾಕಿನ ಸೈನ್ಯ ಕುವೈತಿಗೆ ನುಗ್ಗಿತು. ಜೆರೋಮನ ಕಾಗದಗಳು ನಿಂತವು. ಹಬ್ಬದ ಮುನ್ನಾದಿನ ನೆರೆಮನೆಯ ಜಲಜಾಕ್ಷಿ ಬೇಲಿಯ ಬಳಿ ಬಂದಳು.

"ಬಾಯಮ್ಮ, ಪುರಂದರ ಬಂದು ನಾಲ್ಕು ದಿನ ಆಯ್ತಂತೆ. ಇಲ್ಲಿಗೆ ಬರ್ಲಿಲ್ವಾ?"

"ಇಲ್ಲವಲ್ಲ."

"ಎಂತ ಮಾರಾಯ್ರೆ! ಮೊದ್ಲಾದ್ರೆ ಪೆಟ್ಟಿಗೆ ಬಿಚ್ಚುವ ಮೊದ್ಲೇ ನಿಮ್ಮ ಮೀನುಸಾರಿನ ಪರಿಮಳಕ್ಕೆ ಓಡಿ ಬರ್ತಿದ್ದ ಜನ!"

ಆನಿ ಬಾಯಿ ನಗಲಿಲ್ಲ. ಮರುದಿನ ಬೆಳಿಗ್ಗೆ ಇಗರ್ಜಿಯಲ್ಲಿ ಐದು ತೆನೆ ಕೇಳಿ ಪಡೆದರು. ತನಗೆ, ಸೊಸೆ ಜೆಸ್ಸಿಗೆ, ಇಬ್ಬರು ಮೊಮ್ಮಕ್ಕಳಿಗೆ, ಜೆರೋಮನಿಗೆ. ಅವನ ಪಾಲನ್ನು ಎಂದಿನಂತೆ ಬೇರೆಯೇ ಕಟ್ಟಿದರು.

ಮಧ್ಯಾಹ್ನ ಜೆಸ್ಸಿ ಒಳಗೆ ಬಾಳೆಲೆ ಹಾಸುತ್ತಿದ್ದಾಗ ಪುರಂದರ ಬಂದ. ಕೆನ್ನೆ ಒಳಕ್ಕೆ ಹೋಗಿತ್ತು. ಅಂಗಳದಲ್ಲಿ ಚಪ್ಪಲಿ ಬಿಟ್ಟವನು ಮೆಟ್ಟಿಲು ಹತ್ತಲಿಲ್ಲ.

"ಬಾಯಮ್ಮ..."

"ಬಂದಿಯಾ? ಅಲ್ಲಿ ಎಲ್ಲ ಸರಿಯಾದ ಮೇಲೆ ಪುನಃ ಹೋಗ್ಲಿಕ್ಕುಂಟಲ್ಲ ನಿನಗೆ?" ಅವರು ಪೊಟ್ಟಣ ಮುಂದೆ ಹಿಡಿದರು. "ತಕೋ, ಅವನ ಪಾಲು."

ಪುರಂದರನ ಕೈಗಳು ಬೆನ್ನ ಹಿಂದೆಯೇ ಉಳಿದವು. ಅವನು ತನ್ನ ಪಾದಗಳನ್ನು ನೋಡುತ್ತಿದ್ದ. ಆನಿ ಬಾಯಿಯ ಚಾಚಿದ ಕೈ ತುಸು ಹೊತ್ತು ಹಾಗೆಯೇ ಇತ್ತು. ಒಳಗೆ ಮೊಮ್ಮಕ್ಕಳು ಯಾರ ಎಲೆ ದೊಡ್ಡದೆಂದು ಜಗಳವಾಡುತ್ತಿದ್ದರು.

ಅವರು ಪೊಟ್ಟಣವನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡು, ತೀರ ಮೆಲ್ಲನೆ ಹೇಳಿದರು: "ಹೊಸ ಅಕ್ಕಿಯ ಊಟ. ಮಕ್ಕಳು ಉಣ್ಣಲಿ. ಅವಳೂ ಉಣ್ಣಲಿ. ಆಮೇಲೆ ಹೇಳು."

ಅಷ್ಟರಲ್ಲಿ ಜೆಸ್ಸಿ ಕೈ ಒರೆಸುತ್ತಾ ಹೊರಗೆ ಬಂದಳು. ಮುಖ ಅರಳಿತು. "ಓ, ಪುರಂದರಣ್ಣ! ಇವರು ಎಂತ ಹೇಳಿ ಕಳಿಸಿದ್ದಾರೆ?"

"ಮೊದಲು ಅವನಿಗೊಂದು ಎಲೆ ಹಾಕು ಬಾಯೆ," ಎಂದರು ಆನಿ ಬಾಯಿ. "ಹಸಿದು ಬಂದಿದ್ದಾನೆ."