ಎರಡು ಸಾವಿರದಾಗ ಒಂದು ಎಳಿ

ಬೆಟಗೇರಿಯ ನಮ್ಮ ನೇಕಾರ ಓಣಿಯಲ್ಲಿ ವೆಂಕಪ್ಪನಷ್ಟು ಓದಿದವರಿಲ್ಲ, ಅವನಷ್ಟು ಹಟಮಾರಿಯೂ ಇಲ್ಲ. ಭೂಮಿಯ ಹತ್ತಿರ ಸುಳಿಯುವ ಕ್ಷುದ್ರಗ್ರಹಗಳ ದಾರಿ ಲೆಕ್ಕ ಹಾಕುತ್ತಲೇ ನಿವೃತ್ತನಾದ ವಿಜ್ಞಾನಿ. ಊರಿಗೆ ಬಂದವನು ಸುಮ್ಮನಿರಬೇಕಲ್ಲ? ಟಿ.ವಿ.ಯವರು ತಿಂಗಳಿಗೊಂದು ಪ್ರಳಯ ತರುತ್ತಾರೆ, ಜನರ ಅಂಜಿಕೆ ಬಿಡಿಸಬೇಕು ಎಂದು ಶಿಗ್ಲಿ, ಕುರ್ತಕೋಟಿ, ಮುಂಡರಗಿ ಸುತ್ತಿದ. ಸ್ಕೂಟರ್ ನನ್ನದು.

ಯುಗಾದಿ ಮುಂದೆ ನಮ್ಮ ಓಣಿಯಲ್ಲೇ ಮಾತಾಡಿದ. ಎದುರಿಗೆ ಅವನ ಅಕ್ಕ ಚೌಡವ್ವ ಕೂತಿದ್ದಳು. ನೆಲದ ಕುಣಿಯಲ್ಲಿ ಕಾಲು ಇಳಿಬಿಟ್ಟು ನೇಯುವ ಕುಣಿಮಗ್ಗ ಓಣಿಯಲ್ಲಿ ಉಳಿದದ್ದು ಅವಳದೊಂದೇ. ವೆಂಕಪ್ಪನನ್ನು ಓದಿಸಿದ್ದೂ ಅದೇ. ಅವಳಿಗೆ ತಿಳಿಯಲೆಂದೇ ಅವನು ಮಗ್ಗದ ಮಾತೆತ್ತಿದ.

"ದೊಡ್ಡ ಕಲ್ಲೊಂದು ಬರಾಕತ್ತೈತಿ. ಅದು ನಮಗ ಬಡಿಯೂದು, ಎರಡು ಸಾವಿರ ಎಳಿಯಾಗ ಒಂದು ಎಳಿ ಹರದಂಗ. ಅಂಜಬ್ಯಾಡ್ರಿ."

ನಾನೂ ಚಪ್ಪಾಳೆ ತಟ್ಟಿದೆ. ಇಬ್ಬರೂ ನೇಕಾರರ ಮಕ್ಕಳು, ನಮಗೆ ನಾಚಿಕೆಯಾಗಬೇಕು! ಮಗ್ಗದ ಮೇಲೆ ಎರಡು ಸಾವಿರದಲ್ಲಿ ಒಂದು ಎಳೆ ದಿನಾ ಹರಿಯುತ್ತದೆ. ಬೆಳಗಿನ ಚಹಾದ ಹೊತ್ತಿಗೆ ಹರಿಯದಿದ್ದರೆ ಮಧ್ಯಾಹ್ನಕ್ಕೆ.

ಹಾಸು, ಅಂದರೆ ಮಗ್ಗಕ್ಕೆ ಏರಿಸಿದ ಉದ್ದೆಳೆಗಳು, ಮುಗಿದಾಗ ನೇಕಾರರು ಹಳೆಯ ಎಳೆಗಳ ತುದಿಯನ್ನು ಮಗ್ಗದಲ್ಲೇ ಬಿಟ್ಟು, ಹೊಸ ಎಳೆಗಳನ್ನು ಅದಕ್ಕೆ ಗಂಟು ಹಾಕುತ್ತಾರೆ. ಚೌಡವ್ವನ ಮಗ್ಗ ಅವಳವ್ವನ ಕಾಲದಿಂದ ಬರಿದಾಗಿದ್ದಿಲ್ಲ. ವೆಂಕಪ್ಪ ಮಾತಾಡಿದ ಹದಿನೈದು ದಿನದ ಮೇಲೆ ನಾವು ಲಕ್ಷ್ಮೇಶ್ವರದಿಂದ ಬಂದಾಗ ಬರಿದಾಗಿತ್ತು. ಸೀರೆ ಮುಗಿಸಿ, ತುದಿಗಳನ್ನೆಲ್ಲ ಕಿತ್ತುಹಾಕಿದ್ದಳು.

"ಅಕ್ಕಾ, ಏನು ಮಾಡಿದಿ ಇದು?"

"ನೀನ ಹೇಳಿದಿ, ಎರಡು ಸಾವಿರದಾಗ ಒಂದು ಅಂತ. ಹಂಗಾರ ಬೀಳೂದು ಖರೇನ. ಅರ್ಧಾ ನೇದ ಸೀರಿ ಮಗ್ಗದ ಮ್ಯಾಲ ಬಿಟ್ಟು ಸಾಯಬಾರದೋ ತಮ್ಮಾ."

ವೆಂಕಪ್ಪ ಅವಳ ಪಕ್ಕದಲ್ಲೇ ಕೂತ. ಯಾವುದೋ ಒಂದು ಎಳೆಯಲ್ಲ, ಗುರುತು ಹಾಕಿದ ಆ ಒಂದೇ ಎಳೆ ಹರಿದಂಗೆ ಎಂದು ಸಂಜೆಯವರೆಗೆ ತಿಳಿಸಿದ. ಕೊನೆಗೆ ಅವಳಿಗೆ ತಿಳಿಯಿತು. ತಿಳಿಯದಿದ್ದರೇ ಚಲೋ ಇತ್ತು.

"ಹಂಗಾರ ಕಲ್ಲು ಬೀಳೂದಿಲ್ಲೇನು?"

"ಬೀಳೂದಿಲ್ಲ ಅಂತ್ಲೇ ತಿಳಿ."

ಅವಳು ಎದ್ದು ಹೋಗಿ ಎಳೆಗಳನ್ನು ಹಿಡಿದಿಡುವ ಬಾಚಣಿಗೆಯಂಥ ಹಣಿಗೆ ಖಾಲಿಯಾಗಿತ್ತು, ಅದನ್ನು ಸವರಿದಳು. ಇನ್ನು ಎರಡು ಸಾವಿರ ಎಳೆಗಳನ್ನು ಅದರ ಸಂದುಗಳಲ್ಲಿ ಹೊಸದಾಗಿ ಪೋಣಿಸಬೇಕು. ಗಂಟು ಹಾಕುವುದು ಕೈಗೆ ಗೊತ್ತು. ಪೋಣಿಸಲು ಕಣ್ಣು ಬೇಕು, ಅವಳಿಗೆ ಎಪ್ಪತ್ತಮೂರು. ಬಲ್ಲವರು ಓಣಿಯಲ್ಲಿ ಯಾರೂ ಉಳಿದಿಲ್ಲ. ವೆಂಕಪ್ಪ ವಾರಗಟ್ಟಲೆ ತಾನೇ ಕೂತು ನೋಡಿದ, ನಲವತ್ತು ಎಳೆ ದಾಟಲಿಲ್ಲ. ನೂಲು ತಂದುಕೊಡುವವರು ಬರುವುದನ್ನೂ ಬಿಟ್ಟರು.

ಶಿರಹಟ್ಟಿಯವರು ಮಾತಾಡಲು ಕರೆದರೆ ಒಲ್ಲೆ ಎಂದ. ನನಗೆ ಅವನ ಮೇಲೆ ಸಿಟ್ಟು ಬರುತ್ತದೆ, ಮುಖ ನೋಡಿದರೆ ಅಳು ಬರುತ್ತದೆ. ಚೌಡವ್ವ ಈಗಲೂ ಬೆಳಗಾದರೆ ಖಾಲಿ ಮಗ್ಗದ ಕುಣಿಯಲ್ಲಿ ಕಾಲು ಇಳಿಬಿಟ್ಟು ಕೂರುತ್ತಾಳೆ. ಮೊನ್ನೆ ಅಲ್ಲಿಂದಲೇ ಕೇಳಿದಳು:

"ತಮ್ಮಾ, ಇನ್ನೊಂದು ಕಲ್ಲು ಬರೂದು ಯಾವಾಗೋ?"