ಖಾಲಿ ಕಟ್ಟೆಯ ಮೇಲೆ ಎರಡು ಪೆಟ್ಟು

ಆ ಜರ್ಮನ್ ನಟಿ ನಿರ್ದೇಶಕಿಯಾದದ್ದು ನಟರ ಮೇಲಿನ ಕರುಣೆಯಿಂದ ಎಂದು ಎಲ್ಲರೂ ಹೇಳುತ್ತಾರೆ. ಕಥೆ ಹೀಗಿದೆ: ಹರೆಯದಲ್ಲಿ, ತನ್ನ ದೇಶದಲ್ಲಿ, ಒಂದು ದೃಶ್ಯದ ನಡುವೆ ಆಕೆಗೆ ನಿಜವಾದ ಅಳು ಬಂತು. ‘ನಿಲ್ಲಿಸಿ’ ಎಂದಳು. ನಿರ್ದೇಶಕ ಕ್ಯಾಮೆರಾ ನಿಲ್ಲಿಸಲಿಲ್ಲ. ಆ ಅಳುವೇ ಆಕೆಗೆ ಹೆಸರು ತಂದಿತು. ಮುಂದೆ ತಾನೇ ನಿರ್ದೇಶನಕ್ಕೆ ಇಳಿದಾಗ ಆಕೆ ಒಂದು ನಿಯಮ ಮಾಡಿದಳು: ನಟರು ಎದುರಿಗೆ ಇದ್ದುದರ ಮೇಲೆ ಅಂಗೈಯಿಂದ ಎರಡು ಸಲ ಬಡಿದರೆ ಕ್ಯಾಮೆರಾ ನಿಲ್ಲಬೇಕು, ಯಾರೂ ಕಾರಣ ಕೇಳಬಾರದು.

ಚೆಂದದ ಕಥೆಯೇ. ಆದರೆ ಡಿಬೇಟ್ ಸ್ಪರ್ಧೆಗಳಲ್ಲಿ ಬೆಳೆದ ನನಗೆ ಎಲ್ಲರೂ ತಲೆಯಾಡಿಸುವ ಮಾತಿನ ಮೇಲೇ ಮೊದಲು ಅನುಮಾನ. ಬಡಿದದ್ದು ಹೌದೋ ಅಲ್ಲವೋ ಎಂದು ತೀರ್ಮಾನಿಸುವವರು ಯಾರು? ಆಕೆಯೇ ತಾನೇ?

ಆಕೆಯ ಹೊಸ ಸಿನಿಮಾಕ್ಕೆ ಜೋಳದ ರೊಟ್ಟಿ ಬಡಿಯುವ ಹೆಂಗಸೊಬ್ಬಳು ಬೇಕಾಗಿದ್ದಳು. ಹುಬ್ಬಳ್ಳಿಯಿಂದ ಬಂದ ನನ್ನ ಅವ್ವ ಸಿಕ್ಕಳು. ಮೆಲ್ಬರ್ನ್‌ನ ಟ್ರುಗನಿನಾದಲ್ಲಿ, ನಮ್ಮ ಮನೆಯ ಅಡುಗೆಮನೆಯಲ್ಲೇ ಶೂಟಿಂಗ್ ಆಯಿತು. ‘ರೊಟ್ಟಿ ಮಾಡುತ್ತ ಮಗಳ ಜೊತೆ ಮಾತಾಡುವ ಹಾಗೆ ನಿಮ್ಮ ಭಾಷೆಯಲ್ಲಿ ಏನಾದರೂ ಹೇಳಿ’ ಎಂದಿದ್ದಳಂತೆ ನಿರ್ದೇಶಕಿ. ಸಬ್‌ಟೈಟಲ್ ಬರೆಯುವ ಕೆಲಸ ಸಿಡ್ನಿಯಲ್ಲಿದ್ದ ನನಗೆ ಬಂತು. ನಾರ್ತ್ ಸಿಡ್ನಿಯ ಎಡಿಟಿಂಗ್ ಕೋಣೆಯಲ್ಲಿ ಹೆಡ್‌ಫೋನ್ ಹಾಕಿಕೊಂಡು ಕೂತೆ.

ಪರದೆಯ ಮೇಲೆ ಅವ್ವ ಹೇಳುತ್ತಿದ್ದಳು: “ನಿಮ್ಮಪ್ಪಗ ಈ ದೇಶ ಬೇಕಾಗಿತ್ತು. ನನಗ ಬೇಕಾಗಿದ್ದಿಲ್ಲ. ಈಗೂ ಮುಂಜಾನೆ ಎದ್ದ ಕೂಡ್ಲೇ ಅನಸ್ತೈತಿ, ಇವತ್ತ ಹೇಳಿಬಿಡ್ತೀನಿ, ನಾ ಒಬ್ಬಾಕೇ ಹೊಳ್ಳಿ ಹೋಗ್ತೀನಿ ಅಂತ.”

ಅಷ್ಟರಲ್ಲಿ ಅವ್ವನಿಗೆ ಅಳು ಒತ್ತರಿಸಿ ಬಂತು. ಕ್ಯಾಮೆರಾ ಹತ್ತಿರ ಸರಿಯಿತು.

ಅವ್ವನಿಗೆ ಫೋನ್ ಮಾಡಿದೆ.

“ಬಾಯಿ ತಪ್ಪಿ ಬಂತವಾ. ಅಲ್ಲಿ ಯಾರಿಗೆ ಕನ್ನಡ ತಿಳಿತಿತ್ತು?” ಅವ್ವನ ದನಿ ಪಿಸುಮಾತಿಗೆ ಇಳಿಯಿತು. “ಎರಡು ಸಲ ಬಡದೆ ನಾ. ನಿಂದ್ರಸಲಿಲ್ಲ ಆಕಿ.”

“ರೊಟ್ಟಿ ಬಡಿಯೋದ್ಯಾವುದು, ಸಿಗ್ನಲ್ ಯಾವುದು, ಅವ್ರಿಗೆ ಹೆಂಗ್ ಗೊತ್ತಾಗ್ಬೇಕು?”

“ನನ್ನ ಮುಂದ ನಿನ್ನ ಡಿಬೇಟ್ ತಗೀಬ್ಯಾಡ. ರೊಟ್ಟಿ ಹಂಚಿಗೆ ಹಾಕಿದ ಮ್ಯಾಲ ಬಡದೀನಿ. ಖಾಲಿ ಕಟ್ಟಿ ಬಡಿಯಾಕ ನನಗೇನ ಹುಚ್ಚೇನ? ತಗಸಿಬಿಡವಾ ಅದನ್ನ. ನಿಮ್ಮಪ್ಪಾರು ಆ ಮಾತು ಮಂದಿ ನಡುವ ಕುಂತು ಕೇಳಬಾರದು.”

ಹಿಂದಿನಿಂದ ಅಪ್ಪನ ಕೂಗು: “ಮಗಳೇನು? ಸಿನಿಮಾದ ಸಿಡ್ನಿ ಶೋಕ್ಕ ಅರ್ಧ ಟ್ರುಗನಿನಾ ಕರ್ಕೊಂಡು ಬರಾಕತ್ತೀನಿ ಅಂತ ಹೇಳು! ಹೀರೋಯಿನ್ನಿನ ಗಂಡಗ ಮುಂದಿನ ಸೀಟ್ ಬುಕ್ ಮಾಡಂತ ಹೇಳು!”

ಸಬ್‌ಟೈಟಲ್‌ನಲ್ಲಿ ಏನಾದರೂ ಸುಳ್ಳು ಬರೆದುಬಿಡಬಹುದಿತ್ತು. ಆದರೆ ಅಪ್ಪನಿಗೆ ಸಬ್‌ಟೈಟಲ್ ಬೇಕಿಲ್ಲವಲ್ಲ.

ಮರುದಿನ ನಿರ್ದೇಶಕಿ ಕೋಣೆಗೆ ಬಂದಾಗ ಅವ್ವ ಹೇಳಿದ್ದರ ಅರ್ಥ ತಿಳಿಸಿ, ಆಕೆ ಎರಡು ಸಲ ಬಡಿದದ್ದನ್ನೂ ಹೇಳಿ, ದೃಶ್ಯ ತೆಗೆಯಲು ಕೇಳಿದೆ. ನಿರ್ದೇಶಕಿ ನನ್ನ ಪಕ್ಕದ ಕುರ್ಚಿಯಲ್ಲಿ ಕೂತಳು. “ಆ ಸದ್ದು ರೊಟ್ಟಿಯದು ಅಂದುಕೊಂಡೆ” ಎಂದಳು.

ನಾನು ದೃಶ್ಯವನ್ನು ಹಿಂದಕ್ಕೆ ಓಡಿಸಿ ನಿಲ್ಲಿಸಿದೆ. ರೊಟ್ಟಿ ಹಂಚಿನ ಮೇಲಿತ್ತು. ಅವ್ವನ ಅಂಗೈ ಕೆಳಗೆ ಚೂರು ಹಿಟ್ಟೂ ಇರಲಿಲ್ಲ. ಕಣ್ಣು ನೇರ ಕ್ಯಾಮೆರಾದ ಹಿಂದೆ ನಿಂತವರ ಮೇಲಿತ್ತು.

ನಿರ್ದೇಶಕಿ ಪರದೆಯತ್ತ ಬಾಗಿದಳು. “ಇಡೀ ಸಿನಿಮಾದಲ್ಲಿ ನಿಜವಾದದ್ದು ಇದೊಂದೇ.”

“ಅದು ನನ್ನ ಪ್ರಶ್ನೆಗೆ ಉತ್ತರ ಅಲ್ಲ.”

“ನಿನ್ನ ತಾಯಿ ಒಂದು ದಿನ ಇದಕ್ಕೆ ಖುಷಿಪಡುತ್ತಾರೆ. ನನ್ನ ಆ ದೃಶ್ಯ ಇಲ್ಲದಿದ್ದರೆ ನಾನು ಯಾರಿಗೂ ಗೊತ್ತೇ ಆಗುತ್ತಿರಲಿಲ್ಲ.”

ಆಗ ಹೊಳೆಯಿತು. ಆ ಹಳೆಯ ಕಥೆಯನ್ನು ಆಕೆ ವೇದಿಕೆ ವೇದಿಕೆಯಲ್ಲೂ ಹೇಳಿದ್ದಾಳೆ, ನಾನೂ ಕೇಳಿದ್ದೇನೆ. ಆದರೆ ಆ ದೃಶ್ಯ ಇರಬಾರದಿತ್ತು ಎಂದು ಒಮ್ಮೆಯೂ ಅಂದಿಲ್ಲ. ನಿಯಮವನ್ನಷ್ಟೇ ನಾವು ಹೊಗಳಿಕೊಂಡು ಬಂದಿದ್ದೆವು.

ಅವ್ವನ ಮುಖ ಪರದೆಯ ಮೇಲೆ ಹಾಗೇ ನಿಂತಿತ್ತು. ನಿರ್ದೇಶಕಿಯ ಬೆರಳು ಈಗ ಮೌಸ್ ಮೇಲಿತ್ತು, ಅಳಿಸಲೂ ಇಲ್ಲ, ಮುಂದೆ ಓಡಿಸಲೂ ಇಲ್ಲ.

ಕೇಳಿದೆ: “ಅವತ್ತು ನೀವು ನಿಲ್ಲಿಸಿ ಅಂದಾಗ ಆತ ನಿಲ್ಲಿಸಬೇಕಿತ್ತು ಅಂತ ನಿಮಗೆ ಇವತ್ತು ನಿಜವಾಗಿ ಅನ್ನಿಸುತ್ತದೆಯೇ?”